ಹೂವು ತುಂಬಿಯೂ ಕಾಯಿ ನಿಲ್ಲದ ಆಪೂಸು: ನೆಲಕ್ಕೆ ಬಿದ್ದದ್ದನ್ನು ನೋಡಿ ದೋಷ ಹಿಡಿಯುವ ಕ್ರಮ

ಜನವರಿ ಸುಮಾರಿನ ಬನದ ಹುಣ್ಣಿಮೆಯ ಹೊತ್ತಿಗೆ ಎಲೆಯೇ ಕಾಣದಂತೆ ಹೂ ಹೊತ್ತಿದ್ದ ಆಪೂಸು (ಅಲ್ಫಾನ್ಸೊ) ಮಾವಿನ ಮರವು ಹೋಳಿ ಹುಣ್ಣಿಮೆಯ ವೇಳೆಗೆ ಒಣಗಿದ ಬರಿ ಕಡ್ಡಿಗಳನ್ನು ಹಿಡಿದುಕೊಂಡು ನಿಲ್ಲುವುದನ್ನು ಬೆಳಗಾವಿ ಜಿಲ್ಲೆಯ ಕಿತ್ತೂರು, ಖಾನಾಪುರ, ಬೈಲಹೊಂಗಲ ಭಾಗದ ತೋಟಿಗರೆಲ್ಲರೂ ಒಂದಲ್ಲ ಒಂದು ವರ್ಷ ನೋಡಿರುತ್ತಾರೆ. ಆಗ ನಮ್ಮ ಬಾಯಲ್ಲಿ ಬರುವ ಮಾತು ಒಂದೇ: ‘ಈ ಸಲ ಕಾಯಿ ಕಚ್ಚಲಿಲ್ಲ.’ ಆದರೆ ಈ ಒಂದು ಮಾತಿನೊಳಗೆ ಒಂದಕ್ಕೊಂದು ಸಂಬಂಧವಿಲ್ಲದ ಹಲವು ದೋಷಗಳು ಅಡಗಿವೆ. ಒಂದಕ್ಕೆ ಔಷಧ ಬೇಕು, ಇನ್ನೊಂದಕ್ಕೆ ಔಷಧವೇ ಕಾರಣ. ಒಂದಕ್ಕೆ ನೀರು ಕೊಡಬೇಕು, ಮತ್ತೊಂದಕ್ಕೆ ನೀರು ಕೊಟ್ಟದ್ದೇ ತಪ್ಪು. ಯಾವ ದೋಷವೆಂದು ತಿಳಿಯದೆ ಪಂಪು ಬೆನ್ನಿಗೇರಿಸಿದರೆ ಹಣವೂ ಹೋಗುತ್ತದೆ, ಫಸಲೂ ಹೋಗುತ್ತದೆ.

ನಾನು ಅನುಸರಿಸುವ ಕ್ರಮ ಸರಳವಾದದ್ದು. ಮರದ ಮೇಲೆ ಉಳಿದದ್ದನ್ನು ನೋಡುವ ಮೊದಲು ನೆಲಕ್ಕೆ ಬಿದ್ದದ್ದನ್ನು ನೋಡಬೇಕು. ಯಾವುದು ಬಿತ್ತು, ಎಷ್ಟು ದೊಡ್ಡದಾದ ಮೇಲೆ ಬಿತ್ತು, ಮರದ ಯಾವ ಮಗ್ಗುಲಿನಿಂದ ಬಿತ್ತು ಎಂಬ ಮೂರು ಪ್ರಶ್ನೆಗಳಿಗೆ ಉತ್ತರ ಸಿಕ್ಕರೆ ದೋಷದ ಹೆಸರು ಬಹುಮಟ್ಟಿಗೆ ತಾನಾಗಿಯೇ ಹೊರಬರುತ್ತದೆ.

ಮೊದಲು ಇದು ದೋಷವೇ ಎಂದು ಖಚಿತಪಡಿಸಿಕೊಳ್ಳುವುದು

ಮಾವಿನ ಒಂದು ಹೂಗೊಂಚಲಿನಲ್ಲಿ ಸಾವಿರಕ್ಕೂ ಹೆಚ್ಚು ಹೂಗಳಿರುವುದು ಸಾಮಾನ್ಯ. ಅವುಗಳಲ್ಲಿ ಹೆಚ್ಚಿನವು ಬರಿಯ ಗಂಡು ಹೂಗಳು. ಗಂಡು ಹೆಣ್ಣು ಎರಡೂ ಭಾಗಗಳಿರುವ ಹೂವು ಮಾತ್ರ ಕಾಯಿ ಕಚ್ಚಬಲ್ಲದು. ಹಾಗೆ ಕಚ್ಚಿದವುಗಳಲ್ಲಿಯೂ ಬಹುಪಾಲು ಸಾಸಿವೆ, ಕಡಲೆಯ ಗಾತ್ರದಲ್ಲಿಯೇ ಉದುರಿ, ಒಟ್ಟು ಹೂಗಳಲ್ಲಿ ನೂರಕ್ಕೆ ಒಂದು ಕೂಡ ಹಣ್ಣಾಗುವುದಿಲ್ಲ. ಆದ್ದರಿಂದ ಮರದ ಕೆಳಗೆ ಹೂವಿನ ಹಾಸು ಬಿದ್ದ ಮಾತ್ರಕ್ಕೆ ಗಾಬರಿಯಾಗಬೇಕಾಗಿಲ್ಲ. ಗೊಂಚಲಿಗೆ ಒಂದು ಕಾಯಿ, ಅಥವಾ ಎರಡು ಗೊಂಚಲಿಗೆ ಒಂದು ಕಾಯಿ ನಿಂತರೂ ಆಪೂಸಿನ ಮಟ್ಟಿಗೆ ಅದು ಒಳ್ಳೆಯ ಫಸಲೇ.

ಆಪೂಸು ವರ್ಷ ಬಿಟ್ಟು ವರ್ಷ ಫಲ ಕೊಡುವ ಸ್ವಭಾವದ ತಳಿ ಎಂಬುದನ್ನೂ ನೆನಪಿಡಬೇಕು. ಕಳೆದ ವರ್ಷ ಟೊಂಗೆ ಬಾಗುವಷ್ಟು ಕಾಯಿ ಹೊತ್ತ ಮರ ಈ ವರ್ಷ ಹೂವನ್ನೇ ಬಿಡದಿದ್ದರೆ ಅದು ಈ ಬರಹದಲ್ಲಿ ಹೇಳುತ್ತಿರುವ ದೋಷವಲ್ಲ. ಅದರ ವಿಚಾರವೇ ಬೇರೆ. ಇಲ್ಲಿ ಹೇಳುತ್ತಿರುವುದು ಹೂ ಬಂದ ಮೇಲೆ ಕೈ ತಪ್ಪಿದ ಫಸಲಿನ ಮಾತು.

ಪರೀಕ್ಷೆಗೆ ಬೇಕಾದ ಸಾಮಾನು ಹೆಚ್ಚಿಲ್ಲ. ಹಳೆಯ ಬಿಳಿ ಪಂಚೆ ಅಥವಾ ಬಿಳಿ ಗೊಬ್ಬರದ ಚೀಲವನ್ನು ಬಿಚ್ಚಿ ಮಾಡಿದ ಹಾಸು, ಒಂದು ಭೂತಗನ್ನಡಿ, ಚೂಪಾದ ಚಾಕು, ಕೆಂಪು ದಾರ. ಮರದ ನಾಲ್ಕೂ ದಿಕ್ಕಿನಲ್ಲಿ ಕೈಗೆಟಕುವ ಎತ್ತರದ ಮೂರು ಮೂರು ಗೊಂಚಲುಗಳಿಗೆ, ಅವು ಇನ್ನೂ ಮೊಗ್ಗಾಗಿರುವಾಗಲೇ, ದಾರ ಕಟ್ಟಿಡಬೇಕು. ವಾರಕ್ಕೊಮ್ಮೆ ನೋಡುವಾಗ ಇದೇ ಹನ್ನೆರಡು ಗೊಂಚಲುಗಳನ್ನು ನೋಡಬೇಕು. ಕಣ್ಣಿಗೆ ಚೆಂದ ಕಂಡ ಗೊಂಚಲನ್ನು ನೋಡಿ ಸಮಾಧಾನಪಟ್ಟುಕೊಳ್ಳುವುದು, ಕೆಟ್ಟದ್ದನ್ನು ನೋಡಿ ಹೆದರುವುದು ಎರಡೂ ಇದರಿಂದ ತಪ್ಪುತ್ತವೆ.

ಹೂವೇ ಕಪ್ಪಾಗಿ ಅಥವಾ ಒಣಗಿ ಉದುರುತ್ತಿದ್ದರೆ

ಬೆಳಿಗ್ಗೆ ಇಬ್ಬನಿ ಆರುವ ಮೊದಲು ಮರದ ಕೆಳಗೆ ಬಿಳಿ ಹಾಸು ಹಾಸಿ, ದಾರ ಕಟ್ಟಿದ ಗೊಂಚಲನ್ನು ಮೆಲ್ಲಗೆ ತಟ್ಟಬೇಕು. ಬೆಣೆಯಾಕಾರದ, ಜೋಳದ ಕಾಳಿಗಿಂತ ಚಿಕ್ಕದಾದ ಕಂದು ಬಣ್ಣದ ಹುಳುಗಳು ಬಿದ್ದು ಚಂಗನೆ ಜಿಗಿದರೆ ಅದು ಜಿಗಿಹುಳು. ಇದು ವಿಪರೀತವಾದ ತೋಟದಲ್ಲಿ ನಡೆದು ಹೋಗುವಾಗ ಎಲೆಗಳ ನಡುವೆ ಹನಿ ಬಿದ್ದಂತೆ ಪಟಪಟ ಸದ್ದು ಕೇಳಿಸುತ್ತದೆ. ಮರಿ ಹಾಗೂ ದೊಡ್ಡ ಹುಳುಗಳೆರಡೂ ಗೊಂಚಲಿನ ರಸ ಹೀರಿ ಜೇನಿನಂಥ ಅಂಟು ಸುರಿಸುವುದರಿಂದ ಕೆಳಗಿನ ಎಲೆಗಳು ಮೊದಲು ಹೊಳೆಯುತ್ತವೆ, ಆಮೇಲೆ ಅದರ ಮೇಲೆ ಕಾಡಿಗೆ ಬಳಿದಂತೆ ಕಪ್ಪು ಬೂಷ್ಟು ಬೆಳೆಯುತ್ತದೆ. ಈ ಬೂಷ್ಟನ್ನೇ ರೋಗವೆಂದು ತಿಳಿದು ಶಿಲೀಂಧ್ರನಾಶಕ ಹೊಡೆಯುವವರನ್ನು ನಾನು ಬಹಳ ಕಂಡಿದ್ದೇನೆ. ಅದು ಅಂಟಿನ ಮೇಲೆ ಬೆಳೆದ ಬೂಷ್ಟು ಮಾತ್ರ. ಹುಳು ನಿಂತರೆ ಅದೂ ನಿಲ್ಲುತ್ತದೆ.

ತಟ್ಟಿದಾಗ ಹುಳು ಬೀಳದೆ, ಗೊಂಚಲಿನ ದೇಟು ಮತ್ತು ಮೊಗ್ಗುಗಳ ಮೇಲೆ ವಿಭೂತಿ ಉದುರಿಸಿದಂತೆ ಬಿಳಿ ಪುಡಿ ಕಂಡರೆ ಅದು ಬೂದಿರೋಗ. ರಾತ್ರಿ ತಂಪು, ಹಗಲು ಬಿಸಿಲು, ಬೆಳಗ್ಗೆ ಮಂಜು, ಹೀಗೆ ನಾಲ್ಕು ದಿನ ಸರಿದರೆ ಸಾಕು, ಗಾಳಿಯಲ್ಲಿ ಹರಡುವ ಈ ರೋಗ ಒಂದು ಮೂಲೆಯ ಮರದಿಂದ ಇಡೀ ತೋಟವನ್ನು ಆವರಿಸುತ್ತದೆ. ಬೆಳಗಾವಿ ಸಮುದ್ರಮಟ್ಟದಿಂದ ಸುಮಾರು 750 ಮೀಟರ್ ಎತ್ತರದಲ್ಲಿರುವುದರಿಂದ ಜನವರಿ, ಫೆಬ್ರವರಿಯಲ್ಲಿ ಇಂಥ ಹವೆ ನಮಗೆ ಅಪರೂಪವಲ್ಲ. ಬೂದಿರೋಗಕ್ಕೆ ಎಲೆಯ ಮೇಲೆ ನೀರು ನಿಲ್ಲಬೇಕೆಂದಿಲ್ಲ. ‘ಮಳೆಯೇ ಆಗಿಲ್ಲ, ರೋಗ ಎಲ್ಲಿಂದ ಬಂತು’ ಎಂದು ಕೇಳುವವರಿಗೆ ಇದೇ ಉತ್ತರ.

ಮೂರನೆಯದು ಚಿಬ್ಬುರೋಗ. ಇದಕ್ಕೆ ನೀರು ಬೇಕೇ ಬೇಕು. ಹೂವಿನ ಕಾಲದಲ್ಲಿ ಮೋಡ ಮುಸುಕಿ ತುಂತುರು ಬಿದ್ದರೆ, ಅಥವಾ ಖಾನಾಪುರದ ಕಾಡಿನ ಅಂಚಿನ ತೋಟಗಳಂತೆ ಇಬ್ಬನಿ ಹೊತ್ತು ಏರುವ ತನಕ ಹನಿ ಹನಿಯಾಗಿ ತೊಟ್ಟಿಕ್ಕುತ್ತಿದ್ದರೆ, ಗೊಂಚಲಿನ ಮೇಲೆ ಸಣ್ಣ ಕಪ್ಪು ಚುಕ್ಕೆಗಳು ಮೂಡಿ, ಒಂದಕ್ಕೊಂದು ಕೂಡಿಕೊಂಡು ಹೂಗಳು ಸುಟ್ಟಂತೆ ಕಪ್ಪಾಗುತ್ತವೆ. ಎಳೆಯ ಎಲೆಗಳ ಮೇಲೂ ಅದೇ ಚುಕ್ಕೆಗಳಿದ್ದರೆ ಸಂದೇಹ ಉಳಿಯುವುದಿಲ್ಲ.

ಈ ಮೂರರ ಗುರುತನ್ನು ಬೆರಳಿನಿಂದಲೇ ಹಿಡಿಯಬಹುದು. ಗೊಂಚಲನ್ನು ಎರಡು ಬೆರಳ ನಡುವೆ ಎಳೆದಾಗ ಬೆರಳು ಅಂಟಿದರೆ ಹುಳು, ಬೆರಳು ಬಿಳಿಯಾದರೆ ಬೂದಿ, ಬೆರಳಿಗೆ ಏನೂ ಹತ್ತದೆ ಕಲೆ ಕಲೆಯಾಗಿಯೇ ಉಳಿದರೆ ಚಿಬ್ಬು. ಎರಡು ದೋಷಗಳು ಕೂಡಿ ಬರುವುದೂ ಉಂಟು. ಆಗ ಬೆರಳು ಅಂಟಿಯೂ ಇರುತ್ತದೆ, ಬಿಳಿಯೂ ಆಗಿರುತ್ತದೆ.

ಪರಿಹಾರದ ಮಾತಿಗೆ ಬಂದರೆ, ಬೂದಿರೋಗಕ್ಕೆ ಗೊಂಚಲು ಹೊರಡುವಾಗಲೇ ನೀರಿನಲ್ಲಿ ಕರಗುವ ಶೇಕಡಾ 80ರ ಗಂಧಕವನ್ನು 10 ಲೀಟರಿಗೆ 20 ಗ್ರಾಂನಂತೆ ಸಿಂಪಡಿಸಿ, ರೋಗ ಕಂಡುಬಂದರೆ ಹತ್ತು ಹದಿನೈದು ದಿನಗಳ ನಂತರ ಹೆಕ್ಸಾಕೊನಜೋಲ್ ಶೇಕಡಾ 5ರ ದ್ರಾವಣವನ್ನು 10 ಲೀಟರಿಗೆ 10 ಮಿಲಿಯಂತೆ ಕೊಡುವುದು ವಾಡಿಕೆ. ಗಂಧಕವನ್ನು ಸುಡು ಬಿಸಿಲಿನಲ್ಲಿ ಹೊಡೆದರೆ ಹೂವೇ ಸುಡುತ್ತದೆ. ಚಿಬ್ಬುರೋಗಕ್ಕೆ ಕಾಪರ್ ಆಕ್ಸಿಕ್ಲೋರೈಡನ್ನು 10 ಲೀಟರಿಗೆ 30 ಗ್ರಾಂನಂತೆ ಹೂ ಬರುವ ಮೊದಲೇ ಕೊಡಬೇಕು, ಅರಳಿದ ಹೂವಿಗೆ ತಾಮ್ರ ತಾಗಬಾರದು. ಜಿಗಿಹುಳು ಹೆಚ್ಚಿದ್ದರೆ ಗೊಂಚಲು ಹೊರಟ ಹಂತದಲ್ಲಿ, ಮೊಗ್ಗು ಬಿರಿಯುವ ಮುನ್ನ, ಇಮಿಡಾಕ್ಲೋಪ್ರಿಡ್ ಶೇಕಡಾ 17.8ರ ದ್ರಾವಣವನ್ನು 10 ಲೀಟರಿಗೆ 3 ಮಿಲಿಯಂತೆ ಒಂದು ಸಲ ಕೊಟ್ಟರೆ ಸಾಕಾಗುತ್ತದೆ. ಕಡಿಮೆ ಇದ್ದರೆ ಬೇವಿನ ಔಷಧವೇ ಸಾಕು. ಹುಳುವು ಹೂವಿಲ್ಲದ ತಿಂಗಳುಗಳನ್ನು ತೊಗಟೆಯ ಬಿರುಕುಗಳಲ್ಲಿ ಕಳೆಯುವುದರಿಂದ, ಕೊಯ್ಲಾದ ಮೇಲೆ ಮರದ ನಡುವಿನ ಒತ್ತೊತ್ತಾದ ಟೊಂಗೆಗಳನ್ನು ತೆಗೆದು ಬಿಸಿಲು ಗಾಳಿ ಒಳಗೆ ಬೀಳುವಂತೆ ಮಾಡುವ ಕೆಲಸವು ಔಷಧಕ್ಕಿಂತ ದೀರ್ಘಕಾಲ ಫಲ ಕೊಡುತ್ತದೆ. ಯಾವ ಔಷಧಕ್ಕೇ ಆಗಲಿ ಡಬ್ಬಿಯ ಮೇಲಿನ ಪ್ರಮಾಣವನ್ನೂ ಕೊಯ್ಲಿಗೆ ಬಿಡಬೇಕಾದ ದಿನಗಳನ್ನೂ ಓದಿಯೇ ಕೈ ಹಾಕಬೇಕು.

ಹೂವು ಸ್ವಚ್ಛ, ಆದರೂ ಕಾಯಿ ಕಚ್ಚಲಿಲ್ಲ

ಇದು ನನ್ನ ತೋಟದಲ್ಲಿಯೇ ನಡೆದದ್ದು. ಕಿತ್ತೂರಿನ ಹತ್ತಿರದ ಮಸಾರಿ (ಕೆಂಪು ಮಣ್ಣಿನ) ನೆಲದಲ್ಲಿ ನಮ್ಮ ಅಜ್ಜ ನೆಟ್ಟ ಮೂವತ್ತಾರು ಕಲಮಿ (ಕಸಿ ಕಟ್ಟಿದ) ಆಪೂಸು ಮರಗಳಿವೆ. ಒಂದು ವರ್ಷ ಹೂವು ಪೂರ್ತಿ ಅರಳಿದಾಗ ಎಲೆಯ ಮೇಲೆ ಸ್ವಲ್ಪ ಅಂಟು ಕಂಡಿತು. ಔಷಧದ ಅಂಗಡಿಯಲ್ಲಿ ಕೇಳಿದಾಗ ಎರಡು ಬಗೆಯ ಕೀಟನಾಶಕಗಳನ್ನು ಬೆರೆಸಿ ಹೊಡೆಯಲು ಹೇಳಿದರು. ನಾನೂ ಮುಂಜಾನೆ ಒಂಬತ್ತರಿಂದ ಮಧ್ಯಾಹ್ನದವರೆಗೆ ಸಿಂಪಡಿಸಿದೆ. ಕೊನೆಯ ಸಾಲಿನ ನಾಲ್ಕು ಮರಗಳಿಗೆ ಬರುವಷ್ಟರಲ್ಲಿ ಪಂಪಿನ ಪೆಟ್ರೋಲು ಮುಗಿಯಿತು, ನಾಳೆ ಹೊಡೆದರಾಯಿತೆಂದು ಬಿಟ್ಟವನು ಬೇರೆ ಕೆಲಸದಲ್ಲಿ ಮರೆತೆ. ಮೂವತ್ತೆರಡು ಮರಗಳ ಹೂವು ಕೊನೆಯವರೆಗೂ ಸ್ವಚ್ಛವಾಗಿತ್ತು, ಬೆರಳಿಗೆ ಅಂಟೂ ಇಲ್ಲ, ಬೂದಿಯೂ ಇಲ್ಲ, ಚುಕ್ಕೆಯೂ ಇಲ್ಲ. ಹೂಗಳು ಒಣಗಿ ದೇಟು ಬಿಟ್ಟುಕೊಟ್ಟು ಉದುರಿದವು, ಕಾಯಿ ನಿಲ್ಲಲಿಲ್ಲ. ಮರೆತ ನಾಲ್ಕು ಮರಗಳು ಅಲ್ಲಲ್ಲಿ ಕಪ್ಪು ಬೂಷ್ಟು ಹಿಡಿದಿದ್ದರೂ ಗೊಂಚಲಿಗೊಂದರಂತೆ ಕಾಯಿ ಹೊತ್ತು ನಿಂತಿದ್ದವು. ಆ ನಾಲ್ಕು ಮರಗಳ ಕೆಳಗೆ ನಿಂತು ನೋಡಿದ ದಿನ ನನಗಾದ ಸಂಕಟ ಇನ್ನೂ ಮರೆತಿಲ್ಲ.

ಮಾವಿನ ಪರಾಗವನ್ನು ಒಯ್ಯುವವು ಹೆಚ್ಚಾಗಿ ನೊಣಗಳು. ಮನೆಯ ನೊಣ, ನೀಲಿ ನೊಣ, ಹೂವಿನ ಮುಂದೆ ಗಾಳಿಯಲ್ಲಿ ತಡೆದು ನಿಲ್ಲುವ ತೂಗುನೊಣ, ಇವುಗಳ ಜೊತೆಗೆ ಕೋಲುಜೇನು ಮತ್ತು ಮುಜಂಟಿ ಜೇನು. ಹೂವು ಬಿರಿಯುವುದು ಬೆಳಗಿನ ಹೊತ್ತಿನಲ್ಲಿ, ಅವು ದುಡಿಯುವುದೂ ಮುಂಜಾನೆಯಲ್ಲಿ. ನಾನು ವಿಷ ಹೊಡೆದದ್ದೂ ಸರಿಯಾಗಿ ಅದೇ ಹೊತ್ತಿಗೆ. ಆದ್ದರಿಂದ ಹೂವು ಸ್ವಚ್ಛವಿದ್ದು ಕಾಯಿ ಕಚ್ಚದಿದ್ದರೆ ಮೊದಲು ಮಾಡಬೇಕಾದ ಪರೀಕ್ಷೆ ಇದು: ಬಿಸಿಲೇರಿದ ಮೇಲೆ ಒಂದು ಗೊಂಚಲಿನ ಮುಂದೆ ಹತ್ತು ನಿಮಿಷ ಸುಮ್ಮನೆ ಕುಳಿತು ಎಷ್ಟು ನೊಣ, ಎಷ್ಟು ಜೇನು ಬಂದವೆಂದು ಎಣಿಸಬೇಕು. ಒಂದೂ ಬರದಿದ್ದರೆ ದೋಷ ಸಿಕ್ಕಿತೆಂದೇ ತಿಳಿಯಬಹುದು. ಅಂದಿನಿಂದ ನಾನು ಅರಳಿದ ಹೂವಿಗೆ ಕೀಟನಾಶಕ ಮುಟ್ಟಿಸಿಲ್ಲ, ಅನಿವಾರ್ಯವಾದ ಶಿಲೀಂಧ್ರನಾಶಕವನ್ನೂ ಸಂಜೆಗೇ ಹೊಡೆಯುತ್ತೇನೆ, ತೋಟದ ಬದುವಿನಲ್ಲಿ ಕೊತ್ತಂಬರಿ, ಸೂರ್ಯಕಾಂತಿ ಹಾಕುತ್ತೇನೆ.

ನೊಣಗಳು ಸಾಕಷ್ಟು ಬರುತ್ತಿದ್ದರೆ ಥಂಡಿಯ ಕಡೆಗೆ ನೋಡಬೇಕು. ಡಿಸೆಂಬರ್ ಸುಮಾರಿನ ಹೊಸ್ತಿಲ ಹುಣ್ಣಿಮೆಯ ಆಸುಪಾಸಿನಲ್ಲಿಯೇ ಬಂದ ಮೊದಲ ಹೂವು ರಾತ್ರಿಯ ತಾಪ 15 ಡಿಗ್ರಿಗಿಂತ ಕೆಳಗಿಳಿಯುವ ದಿನಗಳಿಗೆ ಸಿಕ್ಕಿದರೆ ಪರಾಗದ ಕಸುವು ಕುಗ್ಗುತ್ತದೆ. ಇದರ ಗುರುತು ವಿಶಿಷ್ಟವಾದದ್ದು: ಗೊಂಚಲಿನ ತುಂಬ ಮಿಡಿಗಳು ಕಚ್ಚಿದಂತೆ ಕಾಣುತ್ತವೆ, ಆದರೆ ಅವು ಗೋಲಿಯ ಗಾತ್ರ ದಾಟುವುದಿಲ್ಲ. ಒಂದನ್ನು ಕೊಯ್ದು ಉದ್ದಕ್ಕೆ ಸೀಳಿ ನೋಡಿದರೆ ಒಳಗೆ ಬೀಜ ಸುಕ್ಕಾಗಿರುತ್ತದೆ ಅಥವಾ ಬೀಜದ ಜಾಗ ಪೊಳ್ಳಾಗಿರುತ್ತದೆ. ಈ ಜೊಳ್ಳು ಮಿಡಿಗಳಿಗೆ ಯಾವ ಔಷಧವೂ ಇಲ್ಲ, ಹಾರ್ಮೋನು ಹೊಡೆದು ನಿಲ್ಲಿಸಲು ಹೋಗುವುದು ವ್ಯರ್ಥ. ಬನದ ಹುಣ್ಣಿಮೆಯ ನಂತರ ಬಂದ ಹೂವು ಇದೇ ಮರದಲ್ಲಿ ಚೆನ್ನಾಗಿ ಕಚ್ಚುವುದನ್ನು ನೋಡಬಹುದು. ಕಾಯುವುದೇ ಅಲ್ಲಿ ಚಿಕಿತ್ಸೆ.

ಬಟಾಣಿಯಿಂದ ನಿಂಬೆಯ ಗಾತ್ರದವರೆಗೆ ಉದುರಿದರೆ

ಈ ಹಂತದ ಉದುರುವಿಕೆಗೆ ನೀರಿನ ಏರುಪೇರು ಮೊದಲ ಕಾರಣ. ಹೂವಿಗೆ ಮುಂಚಿನ ಎರಡು ಮೂರು ತಿಂಗಳು ಮರವನ್ನು ಬಾಯಾರಿಸಿ ನಿಲ್ಲಿಸುವುದು ಸರಿಯಾದ ಪದ್ಧತಿಯೇ. ಆಗ ನೀರು ಕೊಟ್ಟರೆ ಹೂವಿನ ಬದಲು ಚಿಗುರು ಹೊರಡುತ್ತದೆ. ಆದರೆ ಕಾಯಿ ಬಟಾಣಿಯಷ್ಟಾದ ಮೇಲೂ ಬಾಯಾರಿಸಿದರೆ ಮಿಡಿ ತೊಟ್ಟಿನ ಬಳಿ ಹಳದಿಯಾಗಿ ಉದುರುತ್ತದೆ. ಬಿದ್ದ ಮಿಡಿಯನ್ನು ಸೀಳಿದಾಗ ಬೀಜ ಹಸಿರು ಬಿಳುಪಾಗಿ ಆರೋಗ್ಯವಾಗಿದ್ದು, ಹುಳುವಿನ ರಂಧ್ರವೂ ಚುಕ್ಕೆಯೂ ಇಲ್ಲದಿದ್ದರೆ ಕಾರಣವನ್ನು ನೆಲದಲ್ಲಿ ಹುಡುಕಬೇಕು. ಮರದ ನೆರಳಿನ ಅಂಚಿನಲ್ಲಿ ಮೊಳಕೈಯುದ್ದ ಅಗೆದು ಮಣ್ಣನ್ನು ಹಿಡಿಯಲ್ಲಿ ಒತ್ತಿದಾಗ ಉಂಡೆಯಾಗದೆ ಉದುರಿದರೆ ಮರಕ್ಕೆ ನೀರಡಿಕೆಯಾಗಿದೆ. ಒಣಗಿದ ನೆಲಕ್ಕೆ ಒಮ್ಮೆಲೇ ಮಡಿ ತುಂಬ ನೀರು ಕಟ್ಟುವುದು ಮಾತ್ರ ಇನ್ನೊಂದು ತಪ್ಪು, ಅದರ ಪೆಟ್ಟಿಗೂ ಕಾಯಿ ಉದುರುತ್ತದೆ. ಮೊದಲ ಸಲ ಹದವಾಗಿ ಕೊಟ್ಟು, ಆಮೇಲೆ ಹತ್ತು ಹದಿನೈದು ದಿನಗಳಿಗೊಮ್ಮೆ ಕೊಡುತ್ತ ಹೋಗಬೇಕು, ಬುಡಕ್ಕೆ ಒಣ ಎಲೆ, ಕಬ್ಬಿನ ರವದಿ ಹೊದಿಸಬೇಕು.

ನೀರು ಸರಿಯಿದ್ದೂ ಉದುರಿದರೆ ಎನ್‌ಎಎ ಎಂಬ ಹಾರ್ಮೋನನ್ನು ಲೀಟರಿಗೆ 20 ಮಿಲಿಗ್ರಾಂನಂತೆ, ಅಂದರೆ ಅಂಗಡಿಯಲ್ಲಿ ಸಿಗುವ ಶೇಕಡಾ 4.5ರ ದ್ರಾವಣವನ್ನು 10 ಲೀಟರಿಗೆ ಸುಮಾರು 4.5 ಮಿಲಿಯಂತೆ, ಬಟಾಣಿ ಗಾತ್ರದಲ್ಲಿ ಒಮ್ಮೆ, ಗೋಲಿ ಗಾತ್ರದಲ್ಲಿ ಇನ್ನೊಮ್ಮೆ ಕೊಡಬಹುದು. ಕೈ ಅಂದಾಜಿನಲ್ಲಿ ಹೆಚ್ಚು ಹಾಕಿದರೆ ಇದೇ ಹಾರ್ಮೋನು ಕಾಯಿಯನ್ನು ಉದುರಿಸುತ್ತದೆ. ಅಳತೆಯ ಸಿರಿಂಜು ಇಲ್ಲದವರು ಇದನ್ನು ಮುಟ್ಟಬಾರದೆಂಬುದು ನನ್ನ ಗಟ್ಟಿಯಾದ ಅಭಿಪ್ರಾಯ.

ಇಟ್ಟಿಗೆ, ಹೆಂಚಿನ ಭಟ್ಟಿಗಳು ಹತ್ತಿರವಿರುವ ತೋಟದವರು ಇನ್ನೊಂದನ್ನು ಗಮನಿಸಬೇಕು. ಕಾಯಿಯ ತುದಿ ಮೊದಲು ಬಿಳಿಚಿಕೊಂಡು, ಆಮೇಲೆ ಕಪ್ಪಾಗಿ ಗಟ್ಟಿಯಾಗಿ, ಕೊನೆಗೆ ಉದುರಿದರೆ, ಅದೂ ಗಾಳಿ ಬೀಸುವ ಮಗ್ಗುಲಿನ ಮರಗಳಲ್ಲಿ ಹೆಚ್ಚಿದ್ದರೆ, ಅದು ಭಟ್ಟಿಯ ಹೊಗೆಯಿಂದ ಬರುವ ಕರಿತುದಿ ದೋಷ. ಕಾಯಿ ಕಚ್ಚಿದ ಮೇಲೆ ಬೋರಾಕ್ಸನ್ನು ಲೀಟರಿಗೆ 6 ಗ್ರಾಂನಂತೆ ಎರಡು ಮೂರು ಸಲ ಸಿಂಪಡಿಸಿದರೆ ಪ್ರಮಾಣ ತಗ್ಗುತ್ತದೆ. ಹೊಗೆ ನಿಲ್ಲದೆ ಪೂರ್ತಿ ಹೋಗುವುದಿಲ್ಲ.

ಬಾಗಲಕೋಟೆ, ವಿಜಯಪುರದ ಕಡೆ ಎರೆಭೂಮಿಯಲ್ಲಿ ಆಪೂಸು ಹಾಕಿದವರ ಕಷ್ಟ ಬೇರೆ ತೆರನಾದದ್ದು. ಅಲ್ಲಿ ಮಳೆ ವರ್ಷಕ್ಕೆ ಸುಮಾರು 600 ಮಿಲಿಮೀಟರ್, ಮಣ್ಣಿನಲ್ಲಿ ಸುಣ್ಣ ಹೆಚ್ಚು. ಎಳೆಯ ಎಲೆ ಹಳದಿಯಾಗಿ ನರ ಮಾತ್ರ ಹಸಿರು ಉಳಿದರೆ ಕಬ್ಬಿಣದ ಕೊರತೆ, ಹಳೆಯ ಎಲೆಯ ತುದಿ ಸುಟ್ಟರೆ ನೀರಿನ ಉಪ್ಪು. ಅಂಥ ನೆಲಕ್ಕೆ ಆಪೂಸಿಗಿಂತ ಕೇಸರ್ ತಳಿಯ ಮಾವು ಹೊಂದುತ್ತದೆಂದು ನಾನು ಹೇಳುತ್ತೇನೆ.

ಬಲಿತ ಕಾಯಿ ಉದುರಿದರೆ

ಏಪ್ರಿಲ್ ಸುಮಾರಿನ ದವನದ ಹುಣ್ಣಿಮೆಯ ನಂತರ ಬೀಳುವ ಕಾಯಿಯನ್ನು ಒಂದೂ ಬಿಡದೆ ಆರಿಸಿ ಕೊಯ್ದು ನೋಡಬೇಕು. ಹೊರಗೆ ಏನೂ ಕಾಣದೆ ವಾಟೆಯೊಳಗೆ (ಗೊರಟೆಯೊಳಗೆ) ಬಿಳಿ ಹುಳು ಅಥವಾ ಕಪ್ಪು ಮೂತಿಯ ದುಂಬಿ ಸಿಕ್ಕರೆ ಅದು ವಾಟೆಯ ಮೂತಿಹುಳು. ಕಾಯಿ ಚಿಕ್ಕದಿರುವಾಗಲೇ ಸಿಪ್ಪೆಯ ಮೇಲೆ ಮೊಟ್ಟೆಯಿಟ್ಟು ಹೋಗಿರುತ್ತದೆ. ತಿರುಳಿನಲ್ಲಿಯೇ ಸಣ್ಣ ಬಿಳಿ ಹುಳುಗಳು ಮಿಡುಕುತ್ತಿದ್ದು ತಿರುಳು ಕೊಳೆತು ನೀರಾಗಿದ್ದರೆ ಹಣ್ಣುನೊಣ. ಅಡ್ಡಮಳೆ ಒಂದೆರಡು ಬಿದ್ದ ಮೇಲೆ ಇದರ ಕಾಟ ಹೆಚ್ಚು. ನೊಣಗಳನ್ನು ಸೆಳೆಯುವ ಮಿಥೈಲ್ ಯುಜಿನಾಲ್ ಬಲೆಗಳನ್ನು ಕಾಯಿ ಬಲಿಯುವ ಮೊದಲೇ ಕಟ್ಟಬೇಕು. ಅವು ಗಂಡು ನೊಣಗಳನ್ನು ಮಾತ್ರ ಹಿಡಿಯುವುದರಿಂದ ಬಲೆ ತುಂಬಿತೆಂದು ನಿಶ್ಚಿಂತರಾಗದೆ, ಬಿದ್ದ ಹಣ್ಣುಗಳನ್ನು ದಿನವೂ ಆರಿಸಿ ಎರಡು ಅಡಿ ಆಳದಲ್ಲಿ ಹೂಳಬೇಕು. ಹುಳು ಮಣ್ಣಿಗಿಳಿದು ಕೋಶ ಕಟ್ಟುವುದರಿಂದ ಬಿದ್ದ ಹಣ್ಣನ್ನು ಹಾಗೆಯೇ ಬಿಡುವುದೆಂದರೆ ಮುಂದಿನ ಪೀಳಿಗೆಯನ್ನು ನಾವೇ ಸಾಕಿದಂತೆ.

ಹಣ್ಣು ಚೆಂದ, ಒಳಗೆ ಬೆಂಡು

ಎಲ್ಲ ಹಂತಗಳನ್ನು ದಾಟಿ ಅಡಿಗೆ ಹಾಕಿದ (ಮಾಗಲು ಇಟ್ಟ) ಹಣ್ಣು ಬಂಗಾರದ ಬಣ್ಣಕ್ಕೆ ತಿರುಗಿ ಮನೆ ತುಂಬ ಘಮಿಸಿದ ಮೇಲೆ, ಕೊಯ್ದು ನೋಡಿದರೆ ವಾಟೆಯ ಸುತ್ತಲಿನ ತಿರುಳು ಬಿಳಿಚಿ, ಬೆಂಡಿನಂತೆ ಗಾಳಿಗೂಡುಗಳಾಗಿ, ಹುಳಿಯಾಗಿರುವುದು ಆಪೂಸಿಗೆ ಅಂಟಿಕೊಂಡಿರುವ ದೋಷ. ಹೊರಗಿನಿಂದ ನೋಡಿ, ಒತ್ತಿ, ಮೂಸಿ ಇದನ್ನು ಹಿಡಿಯಲಾಗುವುದಿಲ್ಲ. ಎಳೆಯ ಕಾಯಿಯನ್ನು ಬಲವಂತವಾಗಿ ಹಣ್ಣು ಮಾಡಿದಾಗಿನ ಹುಳಿಗೂ ಇದಕ್ಕೂ ವ್ಯತ್ಯಾಸವಿದೆ: ಎಳೆಯ ಕಾಯಿಯ ಹುಳಿ ತಿರುಳಿನ ತುಂಬ ಒಂದೇ ಸಮನಾಗಿರುತ್ತದೆ, ಬೆಂಡು ಮಾತ್ರ ವಾಟೆಗೆ ಹತ್ತಿಕೊಂಡು, ಸಿಪ್ಪೆಯ ಕಡೆಯ ತಿರುಳು ಸಿಹಿಯಾಗಿಯೇ ಉಳಿದಿರುತ್ತದೆ.

ಹೆಸರಘಟ್ಟದ ಭಾರತೀಯ ತೋಟಗಾರಿಕಾ ಸಂಶೋಧನಾ ಸಂಸ್ಥೆಯ ವಿಜ್ಞಾನಿಗಳ ಅಧ್ಯಯನವು ಇದರ ಮೂಲವನ್ನು ಬೀಜದಲ್ಲಿ ಗುರುತಿಸಿದೆ. ಮಾವಿನ ಬೀಜಕ್ಕೆ ಸುಪ್ತಾವಸ್ಥೆಯಿಲ್ಲ. ಕಾಯಿ ಮರದಲ್ಲಿ ಬಹಳ ದಿನ ಉಳಿದರೆ ಬೀಜವು ಒಳಗೇ ಮೊಳೆಯುವ ಸಿದ್ಧತೆಗೆ ತೊಡಗಿ ಸುತ್ತಲಿನ ತಿರುಳಿನ ಸತ್ವವನ್ನು ಕೆಡಿಸುತ್ತದೆ. ಕಾದ ಬರಿನೆಲದಿಂದ ಮೇಲೇಳುವ ಝಳವೂ ಇದನ್ನು ಹೆಚ್ಚಿಸುತ್ತದೆ. ಆದ್ದರಿಂದ ತೋಟದಲ್ಲಿ ಮಾಡಬಹುದಾದ ಪರೀಕ್ಷೆ ಹೀಗಿದೆ. ಕೆಳಗಿನ ಟೊಂಗೆಯ ಹತ್ತು ಹಣ್ಣು, ಮೇಲಿನ ಟೊಂಗೆಯ ಹತ್ತು ಹಣ್ಣು, ಹೊದಿಕೆಯಿರುವ ಬುಡದ ಹತ್ತು, ಬರಿನೆಲದ ಹತ್ತು ಎಂದು ಗುರುತು ಮಾಡಿ ಬೇರೆ ಬೇರೆಯಾಗಿ ಅಡಿಗೆ ಹಾಕಿ, ಹಣ್ಣಾದ ಮೇಲೆ ಎಲ್ಲವನ್ನೂ ಕೊಯ್ದು ಬೆಂಡಿನ ಲೆಕ್ಕ ಬರೆದಿಡಬೇಕು. ನಲವತ್ತು ಹಣ್ಣು ಹೋಗುತ್ತವೆಂದು ಕೈ ಹಿಂದೆಗೆಯಬಾರದು. ಬರಿನೆಲದ ಕೆಳ ಟೊಂಗೆಯ ಹಣ್ಣುಗಳಲ್ಲಿಯೇ ಬೆಂಡು ಹೆಚ್ಚಿದ್ದರೆ ನೆಲದ ಕಾವು ಕಾರಣ, ಎಲ್ಲ ಕಡೆ ಸಮನಾಗಿದ್ದರೆ ಕೊಯ್ಲು ತಡವಾಗಿದೆ.

ಪರಿಹಾರವೂ ಹಾಗೆಯೇ ಎರಡು ದಾರಿಯದು. ಬೇಸಿಗೆಯಲ್ಲಿ ತೋಟವನ್ನು ಹರಗಿ ಸ್ವಚ್ಛ ಮಾಡಿಡುವುದು ನಮ್ಮ ಕಡೆ ಹೆಮ್ಮೆಯ ಮಾತು, ಆದರೆ ಆಪೂಸಿನ ಬುಡಕ್ಕೆ ಹುಲ್ಲು ಒಣ ಎಲೆಗಳ ಹಾಸಿಗೆಯೇ ಹಿತ. ಕೊಯ್ಲಿನ ವಿಷಯದಲ್ಲಿ, ಕಾಯಿಯ ಭುಜಗಳು ತೊಟ್ಟಿನ ಮಟ್ಟಕ್ಕೆ ತುಂಬಿ, ಕಡು ಹಸಿರು ತಿಳಿಯಾಗುತ್ತಿದ್ದಂತೆ, ಪೂರ್ತಿ ಬಲಿಯುವ ಮುನ್ನ ನೂರಕ್ಕೆ 85ರಷ್ಟು ಬಲಿತಾಗಲೇ, ದೊಡ್ಡ ಕಾಯಿಗಳನ್ನು ಮೊದಲು ಆರಿಸಿ ಇಳಿಸಬೇಕು, ಏಕೆಂದರೆ ಬೆಂಡು ಬೀಳುವುದು ದೊಡ್ಡ ಕಾಯಿಗಳಲ್ಲಿಯೇ ಹೆಚ್ಚು. ತಂಪು ಹೊತ್ತಿನಲ್ಲಿ, ಸ್ವಲ್ಪ ತೊಟ್ಟು ಉಳಿಸಿ ಕೊಯ್ದು, ಬಿಸಿಲಿಗೆ ಬಿಡದೆ ಕೂಡಲೇ ನೆರಳಿಗೆ ಸಾಗಿಸಬೇಕು. ಈ ದೋಷ ವರ್ಷವೂ ಕಾಡುವ ತೋಟದಲ್ಲಿ ಸತ್ತ ಮರಗಳ ಜಾಗಕ್ಕೆ ಹೊಸದಾಗಿ ನೆಡುವವರು ನೀಲಂ ಮತ್ತು ಆಪೂಸುಗಳ ಸಂಕರವಾದ ರತ್ನಾ ತಳಿಯನ್ನು ಒಂದೆರಡು ಹಾಕಿ ನೋಡಬಹುದು. ಅದರಲ್ಲಿ ಬೆಂಡು ಬೀಳುವುದಿಲ್ಲ, ಆದರೆ ಪರಿಮಳದಲ್ಲಿ ನಮ್ಮ ಹಳೆಯ ಆಪೂಸಿಗೆ ಅದು ಸಮನೆಂದು ನಾನು ಒಪ್ಪಲಾರೆ.